ಪಕ್ಕದ ಮನೆಯ ಮದುವೆಗೆ ನಮ್ಮ ಓಟು

ಕಳೆದ ತಿಂಗಳು ನಮ್ಮ ಸಂಘದ ಚರ್ಚಾಕೂಟಕ್ಕೆ ಬಂದವರಿಗೆ ನೆನಪಿರಬಹುದು. ‘ಪ್ರಜಾಪ್ರಭುತ್ವದಲ್ಲಿ ಕೊನೆಯ ಮಾತು ಯಾರದು?’ ಎಂಬುದು ವಿಷಯ. ಮಾತು ಎಲ್ಲೆಲ್ಲೋ ಸುತ್ತಾಡಿ ಕೊನೆಗೆ ಸಲಿಂಗ ವಿವಾಹದ ಹತ್ತಿರ ಬಂದು ನಿಂತಿತು. 2023ರ ಅಕ್ಟೋಬರ್ 17ರಂದು ನಮ್ಮ ಸುಪ್ರೀಂ ಕೋರ್ಟು ಇದು ತನ್ನ ಕೆಲಸವಲ್ಲ, ಪಾರ್ಲಿಮೆಂಟಿನ ಕೆಲಸ ಎಂದು ಬಿಟ್ಟುಕೊಟ್ಟದ್ದು ಸರಿಯೋ ತಪ್ಪೋ ಎಂದು ಜಗ್ಗಾಟ ನಡೆದಿತ್ತು. ಆಗ ಕಾಮರ್ಸಿನ ಗೆಳೆಯನೊಬ್ಬ ಎದ್ದು ನಿಂತು, “ಐದು ಜನ ಜಡ್ಜುಗಳೂ ಬೇಡ, ಐನೂರು ಜನ ಎಂಪಿಗಳೂ ಬೇಡ. ಜನರನ್ನೇ ಕೇಳಿಬಿಡ್ಲಿ. ಹೂಂ ಅಂದ್ರೆ ಹೂಂ, ಊಹೂಂ ಅಂದ್ರೆ ಊಹೂಂ. ಅಲ್ಲಿಗೆ ಮುಗೀತಲ್ಲ!” ಅಂದ. ಚಪ್ಪಾಳೆ ಬಿತ್ತು. ನಾನೂ ತಟ್ಟಿದೆ.

ಮನೆಗೆ ಹೋಗುವಾಗ ಲೋಕಲ್ ಗಾಡಿಯ ಬಾಗಿಲಲ್ಲಿ ನಿಂತು ಯೋಚನೆಗೆ ಬಿದ್ದೆ. ಹೀಗೆ ಜನರನ್ನೇ ಕೇಳಿದ ದೇಶವೊಂದು ಇದೆಯಲ್ಲ! ಒಂದು ಸಲವಲ್ಲ, ಮೂವತ್ತು ಸಲ ಕೇಳಿದೆ. ಅಲ್ಲಿ ಅದು ಮುಗಿಯಿತೇ? ಈ ಲೇಖನ ಹುಟ್ಟಿದ್ದು ಆ ಪ್ರಶ್ನೆಯಿಂದ. ಚರ್ಚೆಯ ದಿನ ಬಾಯಿಗೆ ಬಾರದ ಮಾತು ಆಮೇಲೆ ಮೆಟ್ಟಿಲಿಳಿಯುವಾಗ ಹೊಳೆಯುವುದು ನನ್ನ ಹಳೆಯ ರೋಗ, ಓದುಗರು ಕ್ಷಮಿಸಬೇಕು.

ಆ ದೇಶ ಅಮೇರಿಕಾ. ಅಲ್ಲಿ ಐವತ್ತು ರಾಜ್ಯಗಳಿಗೆ ಐವತ್ತು ಸಂವಿಧಾನಗಳು, ಅವೆಲ್ಲದರ ಮೇಲೆ ಒಕ್ಕೂಟದ್ದು ಇನ್ನೊಂದು. ದೇಶಕ್ಕೊಂದೇ ಸಂವಿಧಾನ ಎಂದು ಓದಿ ಬೆಳೆದ ನಮಗೆ ಇದು ತುಸು ವಿಚಿತ್ರವೇ. ಒಕ್ಕೂಟದ ಸಂವಿಧಾನವನ್ನು ಅಲುಗಿಸುವುದು ಮಹಾ ಕಷ್ಟ: ಎರಡೂ ಸದನಗಳಲ್ಲಿ ಮೂರರಲ್ಲಿ ಎರಡು ಪಾಲು ಬೇಕು, ಆಮೇಲೆ ನಾಲ್ಕರಲ್ಲಿ ಮೂರು ಪಾಲು ರಾಜ್ಯಗಳು ಒಪ್ಪಬೇಕು. ಅದಕ್ಕೇ ಇಷ್ಟು ಕಾಲದಲ್ಲಿ ಆಗಿರುವ ತಿದ್ದುಪಡಿಗಳು 27 ಮಾತ್ರ. ರಾಜ್ಯಗಳ ಸಂವಿಧಾನದ ಗತಿ ಬೇರೆ. ಕ್ಯಾಲಿಫೋರ್ನಿಯಾ ರಾಜ್ಯದ ಈಗಿನ ಸಂವಿಧಾನ 1879ರದು; ಅದಕ್ಕೆ 500ಕ್ಕೂ ಮಿಕ್ಕಿ ತೇಪೆ ಬಿದ್ದಿದೆ. ಡೆಲಾವೇರ್ ಒಂದನ್ನು ಬಿಟ್ಟು ಉಳಿದೆಲ್ಲ ರಾಜ್ಯಗಳಲ್ಲೂ ಸಂವಿಧಾನ ತಿದ್ದಬೇಕಾದರೆ ಜನರ ಓಟಿಗೆ ಹಾಕಲೇಬೇಕು. ಹೆಚ್ಚಿನ ಕಡೆ ಅರ್ಧಕ್ಕಿಂತ ಒಂದು ಓಟು ಜಾಸ್ತಿ ಬಂದರೆ ಸಾಕು, ಬರೆದದ್ದು ಬರೆದ ಹಾಗೆ.

ಕ್ಯಾಲಿಫೋರ್ನಿಯಾದಲ್ಲಿ ಇನ್ನೊಂದು ಹೆಜ್ಜೆ ಮುಂದೆ. ಅಲ್ಲಿ ಶಾಸನಸಭೆಯ ಬಾಗಿಲಿಗೇ ಹೋಗಬೇಕಾಗಿಲ್ಲ. ಯಾರಾದರೂ ಒಂದು ವಾಕ್ಯ ಬರೆದು, ಕಳೆದ ಗವರ್ನರ್ ಚುನಾವಣೆಯಲ್ಲಿ ಬಿದ್ದ ಓಟಿನ ನೂರಕ್ಕೆ 8ರಷ್ಟು ಮತದಾರರ ಸಹಿ ಮಾಡಿಸಿ ತಂದರೆ ಅದು ನೇರ ಮತಪತ್ರ ಸೇರುತ್ತದೆ. ಈ ಪದ್ಧತಿ ಬಂದದ್ದು 1911ರಲ್ಲಿ, ಹೈರಮ್ ಜಾನ್ಸನ್ ಎಂಬ ಗವರ್ನರನ ಕಾಲಕ್ಕೆ. ಆಗ ಅಲ್ಲಿನ ಶಾಸಕರು ರೈಲ್ವೆ ಕಂಪನಿಯ ಜೇಬಿನಲ್ಲಿದ್ದರು. ಅವರ ತಲೆಯ ಮೇಲಿಂದ ಹಾದು ಜನರೇ ಕಾನೂನು ಮಾಡಿಕೊಳ್ಳಲಿ ಎಂಬುದು ಉದ್ದೇಶ. ಉದ್ದೇಶ ಒಳ್ಳೆಯದೇ ಇತ್ತು. ನಮ್ಮ ಕಾಮರ್ಸ್ ಗೆಳೆಯ ಆ ಕಾಲದಲ್ಲಿ ಅಲ್ಲಿದ್ದಿದ್ದರೆ ಮೊದಲ ಸಹಿ ಅವನದೇ.

ಸಲಿಂಗ ವಿವಾಹದ ವಿಷಯ ಓಟಿಗೆ ಬಂದದ್ದು ಹೇಗೆ? ಹೆಚ್ಚಿನ ಕಡೆ ಕೋರ್ಟು ಮುಂದೆ, ಓಟು ಅದರ ಬೆನ್ನ ಹಿಂದೆ. 1993ರಲ್ಲಿ ಹವಾಯಿ ದ್ವೀಪಗಳ ಸುಪ್ರೀಂ ಕೋರ್ಟು, ಗಂಡು–ಗಂಡಿಗೆ ಹೆಣ್ಣು–ಹೆಣ್ಣಿಗೆ ಮದುವೆ ಲೈಸೆನ್ಸ್ ಕೊಡದಿರುವುದಕ್ಕೆ ಸರ್ಕಾರ ಬಲವಾದ ಕಾರಣ ತೋರಿಸಬೇಕು ಎಂದಿತು. ದೇಶವಿಡೀ ಗಾಬರಿಯಾಯಿತು. 1998ರಲ್ಲಿ ಹವಾಯಿ ಮತ್ತು ಅಲಾಸ್ಕಾ ಎರಡೂ ಕಡೆ ಜನ ಸಂವಿಧಾನ ತಿದ್ದಿ ಬಾಗಿಲು ಹಾಕಿದರು. 2003ರ ನವೆಂಬರಿನಲ್ಲಿ ಮ್ಯಾಸಚೂಸೆಟ್ಸ್‌ನ ಕೋರ್ಟು ಸ್ಪಷ್ಟವಾಗಿಯೇ ಮದುವೆಯ ಹಕ್ಕು ಕೊಟ್ಟಿತು. ಮರುವರ್ಷ 2004ರಲ್ಲಿ 13 ರಾಜ್ಯಗಳು ತಮ್ಮ ಸಂವಿಧಾನದಲ್ಲಿ ‘ಮದುವೆ ಅಂದರೆ ಒಂದು ಗಂಡು, ಒಂದು ಹೆಣ್ಣು’ ಎಂದು ಬರೆಸಿಕೊಂಡವು. ಅದರಲ್ಲಿ 11 ರಾಜ್ಯಗಳ ಓಟು ಒಂದೇ ದಿನ, ಅಧ್ಯಕ್ಷ ಬುಷ್ ಮರು ಆಯ್ಕೆಯಾದ ದಿನ. 2012ರ ಮೇ ಹೊತ್ತಿಗೆ ಇಂಥ ರಾಜ್ಯಗಳು ಸುಮಾರು 30. ಒಂದು ವಿಷಯ ಗಮನಿಸಿ: ಈ ಬಹುತೇಕ ರಾಜ್ಯಗಳಲ್ಲಿ ಸಲಿಂಗ ವಿವಾಹ ಮೊದಲೇ ಇರಲಿಲ್ಲ. ಇಲ್ಲದ್ದನ್ನೇ ಇಲ್ಲ ಎಂದು ಬರೆದದ್ದು. ಕಾನೂನಿಗಿಂತ ಗಟ್ಟಿಯಾದ ಜಾಗದಲ್ಲಿ ಬರೆದಿಟ್ಟರೆ ರಾಜ್ಯದ ಜಡ್ಜುಗಳು ಮುಟ್ಟಲಾರರು ಎಂಬುದು ಲೆಕ್ಕಾಚಾರ.

ಕ್ಯಾಲಿಫೋರ್ನಿಯಾದ ಕತೆ ಹಾಗಲ್ಲ. ಅಲ್ಲಿ ಇದ್ದದ್ದನ್ನು ಕಿತ್ತುಕೊಂಡರು. ಅದಕ್ಕೇ ಅಲ್ಲಿ ಸ್ವಲ್ಪ ಹೆಚ್ಚು ಹೊತ್ತು ನಿಲ್ಲೋಣ.

ಸಾನ್‌ಫ್ರಾನ್ಸಿಸ್ಕೋ ಊರಿನಲ್ಲಿ ಡೆಲ್ ಮಾರ್ಟಿನ್, ಫಿಲಿಸ್ ಲಿಯಾನ್ ಎಂಬ ಇಬ್ಬರು ಹೆಂಗಸರು. 1953ರಿಂದ ಒಂದೇ ಮನೆಯಲ್ಲಿ ಸಂಸಾರ. ಹೆಣ್ಣು–ಹೆಣ್ಣು ಕೂಡಿ ಬಾಳುವವರ ಪರವಾಗಿ ಯಾರೂ ಬಾಯಿ ಬಿಡದ ಆ ಕಾಲದಲ್ಲೇ, 1955ರಲ್ಲಿ, ಸಂಘ ಕಟ್ಟಿದವರಲ್ಲಿ ಇವರಿಬ್ಬರೂ ಮುಖ್ಯರು. 2004ರ ಫೆಬ್ರವರಿ 12ರಂದು ಅಲ್ಲಿನ ಮೇಯರ್ ಗೇವಿನ್ ನ್ಯೂಸಮ್ ಕಾನೂನಿಗೆ ಸಡ್ಡು ಹೊಡೆದು ಸಲಿಂಗಿಗಳಿಗೆ ಮದುವೆ ಲೈಸೆನ್ಸ್ ಕೊಡಿಸಲು ಹೊರಟಾಗ, ಮೊದಲ ಮದುವೆ ಇವರದೇ. ಒಂದು ತಿಂಗಳಲ್ಲಿ ಸುಮಾರು 4,000 ಜೋಡಿಗಳ ಮದುವೆಯಾಯಿತು. ಆಗಸ್ಟಿನಲ್ಲಿ ರಾಜ್ಯದ ಸುಪ್ರೀಂ ಕೋರ್ಟು, ಮೇಯರ್‌ಗೆ ಆ ಅಧಿಕಾರವಿಲ್ಲ ಎಂದು ಅಷ್ಟೂ ಮದುವೆಗಳನ್ನು ರದ್ದು ಮಾಡಿತು. ಐವತ್ತು ವರ್ಷ ಜೊತೆಗಿದ್ದ ಆ ಮುದುಕಿಯರು ಆರು ತಿಂಗಳು ದಂಪತಿಗಳಾಗಿದ್ದು ಮತ್ತೆ ಯಾರಿಗೆ ಯಾರೂ ಅಲ್ಲ ಎಂದಾದರು.

ಅಲ್ಲಿ ಅಡ್ಡವಿದ್ದದ್ದು 2000ದಲ್ಲಿ ಜನರೇ ನೂರಕ್ಕೆ 61ರ ಓಟಿನಲ್ಲಿ ಮಾಡಿದ್ದ ಒಂದು ಕಾನೂನು. ಸಂವಿಧಾನ ಅಲ್ಲ, ಬರೀ ಕಾನೂನು. ಈ ವ್ಯತ್ಯಾಸ ನೆನಪಿಟ್ಟುಕೊಳ್ಳಿ. 2008ರ ಮೇ 15ರಂದು ಅದೇ ಸುಪ್ರೀಂ ಕೋರ್ಟು, ಏಳು ಜನರಲ್ಲಿ ನಾಲ್ವರ ಬಹುಮತದಿಂದ, ಮದುವೆ ಎಲ್ಲರ ಮೂಲಭೂತ ಹಕ್ಕು, ರಾಜ್ಯದ ಸಂವಿಧಾನದ ಮುಂದೆ ಆ ಕಾನೂನು ನಿಲ್ಲದು ಎಂದಿತು. ತೀರ್ಪು ಬರೆದವರು ಮುಖ್ಯ ನ್ಯಾಯಮೂರ್ತಿ ರೊನಾಲ್ಡ್ ಜಾರ್ಜ್. ಜೂನ್ 16ರಂದು ಡೆಲ್ ಮತ್ತು ಫಿಲಿಸ್ ಎರಡನೇ ಸಲ ಮದುವೆಯಾದರು. ಒಬ್ಬರಿಗೆ 87, ಇನ್ನೊಬ್ಬರಿಗೆ 83. ಆಗಸ್ಟ್ 27ರಂದು ಡೆಲ್ ತೀರಿಕೊಂಡರು. ಈ ಸಲ ಫಿಲಿಸ್ ಕಾಗದದ ಮೇಲೂ ವಿಧವೆಯಾದರು.

ಇತ್ತ ತೀರ್ಪಿಗೆ ಮೊದಲೇ ಸಹಿ ಸಂಗ್ರಹ ಮುಗಿದಿತ್ತು. ಬೇಕಾದದ್ದು ಸುಮಾರು 6 ಲಕ್ಷ 94 ಸಾವಿರ, ತಂದದ್ದು 11 ಲಕ್ಷಕ್ಕೂ ಹೆಚ್ಚು. 2000ದ ಅದೇ ವಾಕ್ಯವನ್ನು ಅಕ್ಷರ ಬದಲಿಸದೆ ಈಗ ಸಂವಿಧಾನದೊಳಗೇ ಸೇರಿಸಬೇಕು ಎಂಬುದು ಬೇಡಿಕೆ. ಇಂಗ್ಲಿಷಿನಲ್ಲಿ 14 ಶಬ್ದ. ಗಂಡು–ಹೆಣ್ಣಿನ ನಡುವಿನ ಮದುವೆ ಮಾತ್ರ ಸಿಂಧು, ಅದಕ್ಕೆ ಮಾತ್ರ ಮಾನ್ಯತೆ ಎಂದು ಅದರ ಅರ್ಥ. ಕೋರ್ಟು ಸಂವಿಧಾನ ತೋರಿಸಿ ಕಾನೂನು ಹೊಡೆಯಿತಲ್ಲ, ಹಾಗಾದರೆ ಸಂವಿಧಾನವನ್ನೇ ಬದಲಿಸಿದರಾಯಿತು! ತರ್ಕದಲ್ಲಿ ದೋಷ ಹುಡುಕುವುದು ಕಷ್ಟ. ಮತಪತ್ರದಲ್ಲಿ ಇದಕ್ಕೆ ಬಂದ ಸಂಖ್ಯೆ 8, ಹೀಗಾಗಿ ‘ಪ್ರಪೊಸಿಷನ್ 8’ ಎಂದೇ ಪ್ರಸಿದ್ಧಿ.

ಶೀರ್ಷಿಕೆಯ ಬಗ್ಗೆಯೇ ಒಂದು ಜಗಳ ನಡೆಯಿತು. ಸಹಿ ಮಾಡಿಸುವಾಗ ‘ಮದುವೆಗೆ ಮಿತಿ’ ಎಂಬರ್ಥದ ತಲೆಬರಹ ಇತ್ತು. ಕೋರ್ಟಿನ ತೀರ್ಪು ಬಂದ ಮೇಲೆ ಅಟಾರ್ನಿ ಜನರಲ್ ಜೆರ್ರಿ ಬ್ರೌನ್ ಅದನ್ನು ‘ಸಲಿಂಗ ಜೋಡಿಗಳ ಮದುವೆಯ ಹಕ್ಕನ್ನು ತೆಗೆದುಹಾಕುತ್ತದೆ’ ಎಂದು ಬದಲಿಸಿದರು. ಪರವಾದಿಗಳು ಕೋರ್ಟಿಗೆ ಹೋದರು, ಸೋತರು. ಮಿತಿ ಹಾಕುವುದು ಅಂದರೆ ಕೇಳಲು ಹಿತ. ಇದ್ದ ಹಕ್ಕನ್ನು ತೆಗೆಯುವುದು ಅಂದರೆ ಕೈ ಸ್ವಲ್ಪ ತಡೆಯುತ್ತದೆ. ಮೇಲಾಗಿ ಓಟಿನ ಗೊಂದಲ ಬೇರೆ: ಸಲಿಂಗ ಮದುವೆ ಬೇಡ ಎನ್ನುವವರು ‘ಹೌದು’ಗೆ ಗುರುತು ಹಾಕಬೇಕು, ಬೇಕು ಎನ್ನುವವರು ‘ಇಲ್ಲ’ಕ್ಕೆ. ಹೂಂ ಅಂದ್ರೆ ಹೂಂ ಅಂದನಲ್ಲ ನಮ್ಮ ಗೆಳೆಯ, ಅಲ್ಲಿ ಹೂಂ ಅಂದ್ರೆ ಊಹೂಂ!

ಎರಡೂ ಕಡೆ ಸೇರಿ 8 ಕೋಟಿ ಡಾಲರಿಗೂ ಹೆಚ್ಚು ಸುರಿದರು. ಹೌದು ಪಕ್ಷಕ್ಕೆ ಮಾರ್ಮನ್ ಪಂಥ, ಕ್ಯಾಥೊಲಿಕ್ ಬಿಷಪ್ಪರು ಬೆನ್ನಾಸರೆ. ಇಲ್ಲ ಪಕ್ಷಕ್ಕೆ ಶಿಕ್ಷಕರ ಯೂನಿಯನ್, ಗೂಗಲ್, ಆ್ಯಪಲ್‌ನಂಥ ಕಂಪನಿಗಳು. ಹೌದು ಪಕ್ಷದ ಟಿವಿ ಜಾಹೀರಾತೊಂದರಲ್ಲಿ ಪುಟ್ಟ ಹುಡುಗಿ ಶಾಲೆಯಿಂದ ಮನೆಗೆ ಬಂದು, ರಾಜಕುಮಾರ ರಾಜಕುಮಾರನನ್ನೇ ಮದುವೆ ಆಗಬಹುದಂತೆ ಎಂದು ತಾಯಿಗೆ ವರದಿ ಒಪ್ಪಿಸುತ್ತಾಳೆ. ತಾಯಿಯ ಮುಖ ನೋಡಬೇಕು! ಓಟಿಗೆ ಹಾಕಿದ್ದ ಆ 14 ಶಬ್ದದಲ್ಲಿ ಶಾಲೆಯ ಸೊಲ್ಲೇ ಇರಲಿಲ್ಲ. ಆದರೆ ಜನಮತಗಣನೆಯಲ್ಲಿ ಬರೆದ ವಾಕ್ಯಕ್ಕೆ ಮಾತ್ರ ಓಟು ಬೀಳುವುದಿಲ್ಲ, ಆ ವಾಕ್ಯ ಎಬ್ಬಿಸಿದ ಹೆದರಿಕೆಗಳಿಗೂ ಬೀಳುತ್ತದೆ.

2008ರ ನವೆಂಬರ್ 4. ಒಬಾಮಾ ಗೆದ್ದ ದಿನ. ಅದೇ ಮತಪತ್ರದಲ್ಲಿ ಪ್ರಪೊಸಿಷನ್ 8ಕ್ಕೆ ಹೌದು ಎಂದವರು 70 ಲಕ್ಷ, ಇಲ್ಲ ಎಂದವರು 64 ಲಕ್ಷ. ನೂರಕ್ಕೆ 52. ಸಂವಿಧಾನದ ಮೊದಲನೇ ಅಧ್ಯಾಯದಲ್ಲಿ, ಅಂದರೆ ಹಕ್ಕುಗಳ ಘೋಷಣೆಯ ಅಧ್ಯಾಯದಲ್ಲಿಯೇ, ಏಳೂವರೆಯನೇ ಕಲಮು ಎಂದು ಆ ವಾಕ್ಯ ಸೇರಿಕೊಂಡಿತು. ಅದೇ ದಿನ ಅದೇ ಜನ ಪ್ರಪೊಸಿಷನ್ 2 ಎಂಬುದನ್ನೂ ಪಾಸು ಮಾಡಿದರು: ಮೊಟ್ಟೆ ಕೋಳಿಗಳನ್ನು ರೆಕ್ಕೆ ಬಿಚ್ಚಲಾಗದಷ್ಟು ಇಕ್ಕಟ್ಟಿನ ಗೂಡಲ್ಲಿ ಇಡಬಾರದು ಎಂದು. ಒಂದೇ ದಿನ ಕೋಳಿಗಳಿಗೆ ಹಕ್ಕು ಬಂತು, ಸಲಿಂಗಿಗಳಿಗೆ ಹೋಯಿತು. ಈ ವ್ಯಂಗ್ಯ ನನ್ನದಲ್ಲ. ಮರುವರ್ಷ ಒಂದು ಭಾಷಣದಲ್ಲಿ ಅದನ್ನು ಎತ್ತಿ ತೋರಿಸಿದವರು ಸಾಕ್ಷಾತ್ ಮುಖ್ಯ ನ್ಯಾಯಮೂರ್ತಿ ರೊನಾಲ್ಡ್ ಜಾರ್ಜ್.

ಮುಂದಿನ ಪ್ರಶ್ನೆ ಬಹಳ ಸ್ವಾರಸ್ಯದ್ದು, ನಮ್ಮ ಊರಿಗೂ ಹತ್ತಿರದ್ದು. ಜನ ಓಟು ಹಾಕಿ ಸಂವಿಧಾನದಲ್ಲಿ ಏನನ್ನು ಬೇಕಾದರೂ ಬರೆಯಬಹುದೇ? ಕ್ಯಾಲಿಫೋರ್ನಿಯಾದಲ್ಲಿ ‘ತಿದ್ದುಪಡಿ’ ಬೇರೆ, ‘ಪರಿಷ್ಕರಣೆ’ ಬೇರೆ. ಸಣ್ಣಪುಟ್ಟ ಬದಲಾವಣೆ ತಿದ್ದುಪಡಿ, ಅದಕ್ಕೆ ಸಹಿ ಮತ್ತು ಓಟು ಸಾಕು. ಸಂವಿಧಾನದ ಕಟ್ಟೋಣವನ್ನೇ ಬದಲಿಸುವುದು ಪರಿಷ್ಕರಣೆ. ಅದಕ್ಕೆ ಶಾಸನಸಭೆಯ ಮೂರರಲ್ಲಿ ಎರಡು ಪಾಲು ಒಪ್ಪಿಗೆ ಮೊದಲು ಬೇಕು, ಇಲ್ಲವೆ ಸಂವಿಧಾನ ಸಭೆಯೇ ಸೇರಬೇಕು. ಒಂದು ಗುಂಪಿನವರಿಂದ ಮೂಲಭೂತ ಹಕ್ಕನ್ನು ಕಿತ್ತುಕೊಳ್ಳುವುದು ಯಾವುದು?

ನಮ್ಮಲ್ಲಿ ಇದಕ್ಕೆ ತೀರ ಹತ್ತಿರದ ಪ್ರಶ್ನೆಯನ್ನು ಸುಪ್ರೀಂ ಕೋರ್ಟಿನ ಮುಂದೆ ಇಟ್ಟವರು ಒಬ್ಬ ಕನ್ನಡದ ಸ್ವಾಮಿಗಳು. ಕಾಸರಗೋಡಿನ ಹತ್ತಿರದ ಎಡನೀರು ಮಠದ ಕೇಶವಾನಂದ ಭಾರತಿಗಳು, ಯಕ್ಷಗಾನ ಸಂಗೀತಗಳಿಗೆ ಆಶ್ರಯ ಕೊಟ್ಟವರು. ಕೇರಳದ ಭೂಸುಧಾರಣೆ ಕಾನೂನಿನಿಂದ ಮಠದ ಜಮೀನು ಹೋಗುತ್ತದೆಂದು ಕೋರ್ಟಿಗೆ ಹೋದರು, ಅವರ ಪರ ವಾದಿಸಿದವರು ನಮ್ಮ ಮುಂಬಯಿಯ ನಾನಿ ಪಾಲ್ಖಿವಾಲಾ. 1973ರ ಏಪ್ರಿಲ್ 24ರಂದು 13 ಜನ ಜಡ್ಜುಗಳಲ್ಲಿ 7 ಜನ, ಪಾರ್ಲಿಮೆಂಟು ಸಂವಿಧಾನದ ಯಾವ ಕಲಮನ್ನಾದರೂ ತಿದ್ದಬಹುದು, ಆದರೆ ಅದರ ಮೂಲಸ್ವರೂಪವನ್ನು ಕೆಡಿಸುವಂತಿಲ್ಲ ಎಂದರು. ಸ್ವಾಮಿಗಳಿಗೆ ಜಮೀನು ಉಳಿಯಲಿಲ್ಲ. ದೇಶಕ್ಕೆ ಒಂದು ಕಟ್ಟೆ ಉಳಿಯಿತು.

ಕ್ಯಾಲಿಫೋರ್ನಿಯಾದಲ್ಲಿ ಅಂಥ ಕಟ್ಟೆ ಸಿಗಲಿಲ್ಲ. 2009ರ ಮೇ 26ರಂದು ರಾಜ್ಯದ ಸುಪ್ರೀಂ ಕೋರ್ಟು 6–1ರಿಂದ, ಇದು ಬರೀ ತಿದ್ದುಪಡಿ, ಸಿಂಧು ಎಂದಿತು. ಬರೆದವರು ಮತ್ತದೇ ರೊನಾಲ್ಡ್ ಜಾರ್ಜ್! ಹಿಂದಿನ ವರ್ಷ ಹಕ್ಕು ಕೊಟ್ಟ ಕೈಯಲ್ಲೇ, ಜನರು ಅದನ್ನು ತೆಗೆದದ್ದಕ್ಕೆ ಸೈ ಹಾಕಬೇಕಾಯಿತು. ಅವರ ವಾದ ಹೀಗೆ: ರಾಜ್ಯದಲ್ಲಿ ಸಲಿಂಗ ಜೋಡಿಗಳಿಗೆ ‘ಮನೆವಾಳ್ತೆಯ ಜೊತೆಗಾರರು’ ಎಂಬ ನೋಂದಣಿ ಇದೆ, ಗಂಡ–ಹೆಂಡಿರಿಗಿರುವ ಸೌಲಭ್ಯ ಬಹುಮಟ್ಟಿಗೆ ಅದರಲ್ಲೂ ಸಿಗುತ್ತದೆ, ಹೋದದ್ದು ‘ಮದುವೆ’ ಎಂಬ ಹೆಸರು ಮಾತ್ರ. ಹೆಸರು ಮಾತ್ರ! ಮನೆಯ ಹಿರಿಮಗನ ಲಗ್ನಪತ್ರಿಕೆ ಅಚ್ಚು ಹಾಕಿಸಿ, ಕಿರಿಯವನಿಗೆ ಮಾತ್ರ ‘ಜೊತೆಗಾರಿಕೆಯ ನೋಂದಣಿ ಪತ್ರಿಕೆ’ ಹಂಚಿದರೆ ಬಂಧುಗಳು ಏನು ತಿಳಿದಾರು? ಒಬ್ಬರೇ ಭಿನ್ನಮತ ಬರೆದವರು ಕಾರ್ಲೋಸ್ ಮೊರೆನೋ. ಸಮಾನತೆ ಇರುವುದೇ ಬಹುಮತದಿಂದ ಅಲ್ಪಮತವನ್ನು ಕಾಯಲು; ಅದನ್ನು ಬರೀ ಬಹುಮತದಿಂದ ಕಳೆಯಬಹುದಾದರೆ ಎಲ್ಲ ಅಲ್ಪಸಂಖ್ಯಾತರ ಹಕ್ಕೂ ಅಷ್ಟೇ ಎಂಬುದು ಅವರ ಆತಂಕ.

ಇನ್ನೊಂದು ತಮಾಷೆ: ಜೂನ್‌ನಿಂದ ನವೆಂಬರ್‌ವರೆಗೆ ಆದ ಸುಮಾರು 18,000 ಮದುವೆಗಳು ಊರ್ಜಿತ ಎಂದೂ ಅದೇ ತೀರ್ಪು ಹೇಳಿತು. ಹೀಗಾಗಿ ಒಂದೇ ಬೀದಿಯಲ್ಲಿ ಅಕ್ಟೋಬರಿನಲ್ಲಿ ಮದುವೆಯಾದ ಜೋಡಿ ದಂಪತಿ, ನವೆಂಬರಿನಲ್ಲಿ ಆಗಬೇಕೆಂದಿದ್ದ ಜೋಡಿ ಬರೀ ಜೊತೆಗಾರರು.

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ. ಎರಡು ಜೋಡಿಗಳು ಒಕ್ಕೂಟದ ಕೋರ್ಟಿಗೆ ಹೋದವು. ವಕೀಲರು ಟೆಡ್ ಓಲ್ಸನ್ ಮತ್ತು ಡೇವಿಡ್ ಬೋಯಿಸ್. 2000ದ ಅಧ್ಯಕ್ಷ ಚುನಾವಣೆಯ ವ್ಯಾಜ್ಯದಲ್ಲಿ ಒಬ್ಬರು ಬುಷ್ ಪರ, ಇನ್ನೊಬ್ಬರು ಗೋರ್ ಪರ ನಿಂತು ಸೆಣಸಿದವರು ಇಲ್ಲಿ ಒಂದೇ ಮೇಜಿಗೆ ಕೂತರು. 2010ರ ಆಗಸ್ಟ್ 4ರಂದು ನ್ಯಾಯಾಧೀಶ ವಾನ್ ವಾಕರ್ ಪ್ರಪೊಸಿಷನ್ 8 ಒಕ್ಕೂಟದ ಸಂವಿಧಾನಕ್ಕೆ ವಿರುದ್ಧ ಎಂದರು. ಆ ಕಾಯ್ದೆಯನ್ನು ಕೋರ್ಟಿನಲ್ಲಿ ಸಮರ್ಥಿಸಲು ರಾಜ್ಯದ ಗವರ್ನರೂ ಅಟಾರ್ನಿ ಜನರಲೂ ಒಪ್ಪಲಿಲ್ಲ. ಸಹಿ ಮಾಡಿಸಿದವರೇ ಅಪೀಲು ಹೋದರು. 2013ರ ಜೂನ್ 26ರಂದು ಅಮೇರಿಕೆಯ ಸುಪ್ರೀಂ ಕೋರ್ಟು 5–4ರಿಂದ, ಅಪೀಲು ಮಾಡಲು ನಿಮಗೆ ಹಕ್ಕಿಲ್ಲ, ನಿಮಗೆ ಸ್ವಂತದ ನಷ್ಟ ಏನೂ ಆಗಿಲ್ಲ ಎಂದು ಸಾಗಹಾಕಿತು. ಎರಡು ದಿನದಲ್ಲಿ ಮದುವೆಗಳು ಮತ್ತೆ ಶುರು. 2015ರ ಜೂನ್ 26ರಂದು ಒಬರ್ಗೆಫೆಲ್ ತೀರ್ಪು ಬಂದು ಇಡೀ ದೇಶದಲ್ಲೇ ಸಲಿಂಗ ವಿವಾಹ ಹಕ್ಕಾಯಿತು.

ಸ್ವಂತದ ನಷ್ಟ ಏನೂ ಆಗಿಲ್ಲ. ಈ ಮಾತಿನಲ್ಲಿ ನಾನು ಸ್ವಲ್ಪ ಹೊತ್ತು ನಿಂತೆ. ಕೋರ್ಟು ಅದನ್ನು ಬರೀ ತಾಂತ್ರಿಕ ಅರ್ಥದಲ್ಲಿ ಹೇಳಿತು, ನಿಜ. ಆದರೆ ನಮ್ಮ ಗೆಳೆಯನ ಪ್ರಶ್ನೆಗೆ ಉತ್ತರ ಇದರಲ್ಲೇ ಇದೆ ಅಂತ ನನಗನ್ನಿಸುತ್ತದೆ.

ನಮಗೆ ಗೊತ್ತಿರುವ ಜನಮತಗಣನೆಯನ್ನೇ ನೋಡಿ. 1967ರ ಜನವರಿ 16ರಂದು ಗೋವೆಯಲ್ಲಿ ನಡೆದದ್ದು. ಮಹಾರಾಷ್ಟ್ರಕ್ಕೆ ಸೇರಬೇಕೆನ್ನುವವರಿಗೆ ಹೂವಿನ ಗುರುತು, ಬೇರೆಯಾಗಿ ಕೇಂದ್ರಾಡಳಿತದಲ್ಲೇ ಉಳಿಯಬೇಕೆನ್ನುವವರಿಗೆ ಎರಡೆಲೆಯ ಗುರುತು. ಎರಡೆಲೆ 34,021 ಓಟುಗಳಿಂದ ಗೆದ್ದಿತು. ಗೆದ್ದವರೂ ಸೋತವರೂ ಮರುದಿನದಿಂದ ಒಂದೇ ಗೋವೆಯಲ್ಲಿ, ಒಂದೇ ಸರ್ಕಾರದ ಕೆಳಗೆ ಬಾಳಬೇಕಿತ್ತು. ಓಟು ಹಾಕಿದ ಪ್ರತಿಯೊಬ್ಬನೂ ತನ್ನ ಓಟಿನ ಫಲ ಉಣ್ಣಬೇಕಿತ್ತು. ಅಂಥ ಕಡೆ ಜನರನ್ನು ಕೇಳದೆ ಇನ್ನಾರನ್ನು ಕೇಳುವುದು?

ಕ್ಯಾಲಿಫೋರ್ನಿಯಾದಲ್ಲಿ ಹೌದು ಎಂದ 70 ಲಕ್ಷ ಜನರಿಗೆ ಮರುದಿನ ಏನಾಯಿತು? ಅವರಲ್ಲಿ ಮದುವೆಯಾದವರ ಮದುವೆ ಹಾಗೇ ಇತ್ತು, ಆಗದವರು ಆಗಬಹುದಿತ್ತು. ಓಟು ಅವರದು, ಉಂಡವರು ಬೇರೆ. ಸಲಿಂಗಿಗಳು ನೂರರಲ್ಲಿ ಕೆಲವೇ ಮಂದಿ. ಎಂಥ ಚುನಾವಣೆಯಲ್ಲೂ ಅವರು ತಮ್ಮ ಸಂಖ್ಯೆಯಿಂದ ಗೆಲ್ಲಲಾರರು, ಉಳಿದವರ ಮನಸ್ಸು ಕರಗಿದರೆ ಮಾತ್ರ ಗೆದ್ದಾರು. ಇದಕ್ಕೆ ತದ್ವಿರುದ್ಧ ಉದಾಹರಣೆಯೂ ಇದೆ. 2006ರಲ್ಲಿ ಅರಿಜೋನಾ ರಾಜ್ಯದಲ್ಲಿ ಇಂಥದೇ ತಿದ್ದುಪಡಿ ಬಿದ್ದುಹೋಯಿತು, ದೇಶದಲ್ಲೇ ಮೊದಲ ಸೋಲು. ಯಾಕೆ? ಮದುವೆಯಂಥ ಬೇರಾವ ಸಂಬಂಧಕ್ಕೂ ಮಾನ್ಯತೆಯಿಲ್ಲ ಎಂದು ಅದರಲ್ಲಿ ಸೇರಿಸಿದ್ದರು. ಮದುವೆಯಾಗದೆ ಕೂಡಿ ಬಾಳುತ್ತಿದ್ದ ಗಂಡು–ಹೆಣ್ಣು ಮುದುಕ ಮುದುಕಿಯರ ಸೌಲಭ್ಯಕ್ಕೂ ಕತ್ತರಿ ಬೀಳುತ್ತದೆ ಎಂದು ವಿರೋಧಿಗಳು ಪ್ರಚಾರ ಮಾಡಿದರು. ಬಿಸಿ ತಮ್ಮ ಕಾಲಿಗೇ ತಾಗಿತು ನೋಡಿ! 2008ರಲ್ಲಿ ಆ ಭಾಗ ತೆಗೆದು ಮತ್ತೆ ಓಟಿಗೆ ಹಾಕಿದರು. ಸಲೀಸಾಗಿ ಪಾಸಾಯಿತು.

ಈಗ ಇದನ್ನು ನಮ್ಮ ಮನೆಗೆ ತರೋಣ. ಈ ಊರಿನಲ್ಲಿ ಕನ್ನಡದವರು ನಾವೆಷ್ಟು ಜನ? ಮಹಾನಗರಪಾಲಿಕೆಯ ಕನ್ನಡ ಶಾಲೆಗಳು, ನಮ್ಮ ಹಿರಿಯರು ರಾತ್ರಿಶಾಲೆಯಿಂದ ಶುರುಮಾಡಿ ಕಟ್ಟಿದ ಸಂಸ್ಥೆಗಳು ನಡೆಯುವುದು ಯಾರ ಕೃಪೆಯಿಂದ? ಸಂವಿಧಾನದ 30ನೇ ವಿಧಿ ಭಾಷಾ ಅಲ್ಪಸಂಖ್ಯಾತರಿಗೆ ಸ್ವಂತ ವಿದ್ಯಾಸಂಸ್ಥೆ ಕಟ್ಟಿ ನಡೆಸುವ ಹಕ್ಕು ಕೊಟ್ಟಿದೆ. ಅಲ್ಪಸಂಖ್ಯಾತರು ಯಾರೆಂಬುದನ್ನು ರಾಜ್ಯವಾರು ನೋಡಬೇಕು ಎಂದು ಸುಪ್ರೀಂ ಕೋರ್ಟು 2002ರಲ್ಲಿ ತೀರ್ಮಾನಿಸಿದ್ದೂ ಮಣಿಪಾಲದ ಪೈಗಳ ಪ್ರತಿಷ್ಠಾನದ ಮೊಕದ್ದಮೆಯಲ್ಲೇ. ಬೆಂಗಳೂರಿನಲ್ಲಿ ಬಹುಸಂಖ್ಯಾತರಾದ ನಾವು ಇಲ್ಲಿ ಅಲ್ಪಸಂಖ್ಯಾತರು. ಇಲ್ಲಿ ಬಹುಸಂಖ್ಯಾತನಾದ ಮರಾಠಿ ಗೆಳೆಯ ಬೆಳಗಾವಿಯಲ್ಲಿ ಅಲ್ಪಸಂಖ್ಯಾತ. ನಾಳೆ ‘ಮುಂಬಯಿಯಲ್ಲಿ ಕನ್ನಡ ಶಾಲೆ ಇರಬೇಕೇ?’ ಎಂದು ಓಟಿಗೆ ಹಾಕಿದರು ಎನ್ನಿ. ಬಹುಶಃ ನಾವೇ ಗೆಲ್ಲುತ್ತೇವೆ, ನಮ್ಮ ನೆರೆಹೊರೆಯವರು ಅಷ್ಟೇನೂ ಕೆಟ್ಟವರಲ್ಲ. ಆದರೂ ಆ ರಾತ್ರಿ, ಎಣಿಕೆ ಮುಗಿಯುವವರೆಗೆ, ನಿಮಗೆ ನಿದ್ದೆ ಬಂದೀತೇ? ಸೋತರೆ ಮಾತ್ರ ಅವಮಾನ ಎಂದಲ್ಲ. ಮೆಟ್ಟಿಲು ಮೆಟ್ಟಿಲು ಹತ್ತಿ ‘ದಯವಿಟ್ಟು ನಮಗೆ ಇರಗೊಡಿ’ ಎಂದು ಬೇಡಿಕೊಂಡದ್ದು ಗೆದ್ದ ಮೇಲೂ ಮರೆಯುವುದಿಲ್ಲ.

ಗೆಳೆಯನ ವಾದದಲ್ಲಿ ಹುರುಳಿಲ್ಲ ಎಂದು ನಾನು ಹೇಳುತ್ತಿಲ್ಲ. 4–3, 5–4 ಎಂಬ ತೀರ್ಪುಗಳಲ್ಲಿ ಒಬ್ಬ ಜಡ್ಜಿನ ಮನಸ್ಸು ತಿರುಗಿದರೆ ಲಕ್ಷಾಂತರ ಜನರ ಬಾಳು ತಿರುಗುತ್ತದೆ. ಇದೂ ನೆಮ್ಮದಿಯ ಮಾತಲ್ಲ. ನಮ್ಮ ಸುಪ್ರೀಂ ಕೋರ್ಟೇ 2013ರಲ್ಲಿ ಸಲಿಂಗಿಗಳು ಜನಸಂಖ್ಯೆಯ ತೀರ ಚಿಕ್ಕ ಅಂಶ ಎಂಬುದನ್ನೂ ಒಂದು ಕಾರಣವಾಗಿ ಎತ್ತಿಕೊಂಡು 377ನೇ ಕಲಮನ್ನು ಉಳಿಸಿತು. ಅಂದರೆ ಕೋರ್ಟಿನಲ್ಲಿ ಕೂತವರೂ ತಲೆ ಎಣಿಸುವುದುಂಟು. ಐದು ವರ್ಷದ ಮೇಲೆ, 2018ರ ಸೆಪ್ಟೆಂಬರ್ 6ರಂದು, ಐವರ ಪೀಠ ಅದು ತಪ್ಪೆಂದು ಒಪ್ಪಿಕೊಂಡು, ವಯಸ್ಕರ ಒಪ್ಪಿಗೆಯ ಸಂಬಂಧ ಅಪರಾಧವಲ್ಲ ಎಂದಿತು. ಮದುವೆಯ ಬಾಗಿಲಿಗೆ ಬಂದಾಗ ಮತ್ತೆ ಪಾರ್ಲಿಮೆಂಟಿನ ಕಡೆ ಕೈ ತೋರಿಸಿತು. ನಮ್ಮಲ್ಲಿ ಸಂವಿಧಾನ ತಿದ್ದಲು ಜನಮತಗಣನೆಯ ದಾರಿಯೇ ಇಲ್ಲ. 368ನೇ ವಿಧಿಯಲ್ಲಿ ಪಾರ್ಲಿಮೆಂಟು, ಕೆಲವಕ್ಕೆ ಅರ್ಧದಷ್ಟು ರಾಜ್ಯಗಳ ಒಪ್ಪಿಗೆ, ಅಷ್ಟೇ. ಹಾಗಾಗಿ ಕ್ಯಾಲಿಫೋರ್ನಿಯಾದ ಗಾಯವೂ ನಮಗಿಲ್ಲ, ಔಷಧವೂ ಇಲ್ಲ.

ಔಷಧ ಎಂದೆ. ಓಟಿನಲ್ಲಿ ಹಾಕಿದ್ದನ್ನು ಓಟಿನಿಂದ ತೆಗೆದದ್ದೂ ಉಂಟು. 2012ರ ನವೆಂಬರಿನಲ್ಲಿ ಮಿನ್ನೆಸೋಟಾದ ಜನ ನಿಷೇಧದ ತಿದ್ದುಪಡಿಯನ್ನು ತಳ್ಳಿಹಾಕಿದರು. ಅಲ್ಲಿನ ನಿಯಮ ಸ್ವಾರಸ್ಯವಾಗಿದೆ: ಮತಪತ್ರದಲ್ಲಿ ಆ ಪ್ರಶ್ನೆಗೆ ಉತ್ತರಿಸದೆ ಖಾಲಿ ಬಿಟ್ಟರೆ ಅದೂ ‘ಇಲ್ಲ’ ಎಂದೇ ಲೆಕ್ಕ. ಸಂವಿಧಾನ ಮುಟ್ಟಬೇಕಾದರೆ ಬಾಯಿಬಿಟ್ಟು ಹೌದು ಅನ್ನುವವರು ಅರ್ಧಕ್ಕಿಂತ ಹೆಚ್ಚು ಬೇಕು. ಸ್ವಯಂಸೇವಕರು ತಿಂಗಳುಗಟ್ಟಲೆ ಫೋನು ಹಚ್ಚಿ ಅಪರಿಚಿತರೊಡನೆ ಮಾತಾಡಿದರು, ಹಕ್ಕು ಕಾನೂನುಗಳ ಬಗ್ಗೆ ಅಲ್ಲ, ನೀವು ಯಾಕೆ ಮದುವೆಯಾದಿರಿ ಎಂದು. ಮರುವರ್ಷವೇ ಅಲ್ಲಿ ಸಲಿಂಗ ವಿವಾಹದ ಕಾನೂನು ಬಂತು.

ಕ್ಯಾಲಿಫೋರ್ನಿಯಾದಲ್ಲಿ 2013ರಿಂದ ಆ 14 ಶಬ್ದ ಸತ್ತ ಅಕ್ಷರವಾಗಿದ್ದರೂ ಪುಸ್ತಕದಲ್ಲಿ ಹಾಗೇ ಇತ್ತು. ಒಂಬತ್ತು ವರ್ಷ ಯಾರೂ ಅಷ್ಟಾಗಿ ತಲೆ ಕೆಡಿಸಿಕೊಳ್ಳಲಿಲ್ಲ. 2022ರ ಜೂನಿನಲ್ಲಿ ಅಮೇರಿಕೆಯ ಸುಪ್ರೀಂ ಕೋರ್ಟು ಗರ್ಭಪಾತದ ಐವತ್ತು ವರ್ಷದ ಹಕ್ಕನ್ನು ಹಿಂತೆಗೆದುಕೊಂಡಾಗ ಜನ ಬೆಚ್ಚಿದರು. ನ್ಯಾಯಮೂರ್ತಿ ಥಾಮಸ್ ಅಂತೂ ಒಬರ್ಗೆಫೆಲ್ ತೀರ್ಪನ್ನೂ ಮರುಪರಿಶೀಲಿಸಬೇಕೆಂದು ಬರೆದರು. ಅದು ಬಿದ್ದರೆ ಸತ್ತ ಅಕ್ಷರ ಎದ್ದು ಕೂರುತ್ತದೆ. 2024ರ ನವೆಂಬರ್ 5ರಂದು ಪ್ರಪೊಸಿಷನ್ 3 ಎಂದು ಮತ್ತೆ ಓಟಿಗೆ ಹಾಕಿದರು. ಈ ಸಲ ಹೂಂ ಅಂದ್ರೆ ಹೂಂ. ನೂರಕ್ಕೆ ಸುಮಾರು 62 ಜನ ಹೌದು ಎಂದರು, ಏಳೂವರೆಯನೇ ಕಲಮಿನ ಹಳೆಯ ವಾಕ್ಯ ಹೋಗಿ, ಮದುವೆ ಎಲ್ಲರ ಮೂಲಭೂತ ಹಕ್ಕು ಎಂಬುದು ಬಂತು. 2000ದಲ್ಲಿ ಬೇಡ ಎಂದವರು ನೂರಕ್ಕೆ 61. ಫಿಲಿಸ್ ಲಿಯಾನ್ ಇದನ್ನು ನೋಡಲಿಲ್ಲ. 2020ರ ಏಪ್ರಿಲಿನಲ್ಲಿ, 95ನೇ ವಯಸ್ಸಿನಲ್ಲಿ, ತೀರಿಕೊಂಡಿದ್ದರು.

ಈ ಬರಹವನ್ನು ಸಂಪಾದಕರಿಗೆ ಕೊಡುವ ಮೊದಲು ಕಾಮರ್ಸ್ ಗೆಳೆಯನಿಗೆ ಓದಿ ಹೇಳಿದೆ. ಕ್ಯಾಂಟೀನಿನಲ್ಲಿ ಎರಡು ಕಟಿಂಗ್ ಚಹಾ ಮುಗಿಯುವವರೆಗೆ ಸುಮ್ಮನೆ ಕೇಳಿದ. ಆಮೇಲೆ, “2024ರಲ್ಲಿ ಸರಿಮಾಡಿದವರೂ ಜನರೇ ಅಲ್ವೇನೋ? 2015ರಲ್ಲಿ ಐರ್ಲೆಂಡಿನಲ್ಲಿ ಸಲಿಂಗ ವಿವಾಹ ತಂದದ್ದೇ ಜನಮತಗಣನೆ, ನೂರಕ್ಕೆ 62. ಅದನ್ನ್ಯಾಕೆ ಬಿಟ್ಟೆ?” ಅಂದ. ಹದಿನಾರು ವರ್ಷ ಕಾಯಬೇಕಾಯ್ತಲ್ಲ ಮಾರಾಯಾ ಅಂದೆ. ಕೋರ್ಟಿನಲ್ಲೇನು ಕಡಿಮೆ ಕಾಯ್ತಾರಾ ಅಂದ. ಮುಂದಿನ ಸಂಚಿಕೆಗೆ ಐರ್ಲೆಂಡಿನ ಬಗ್ಗೆ ಅವನೇ ಬರೆಯುತ್ತಾನಂತೆ. ಸಂಪಾದಕರು ನಾಲ್ಕು ಪುಟ ಇಟ್ಟುಕೊಂಡಿರಬೇಕಾಗಿ ಕೋರಿಕೆ. ಚಹಾದ ದುಡ್ಡು ಮಾತ್ರ ನಾನೇ ಕೊಟ್ಟೆ.